ಉಪ್ಪಿನಕಾಯಿಯ ಮಡಿ

ನಿಂಬೆಕಾಯಿ ಉಪ್ಪಿನಕಾಯಿ ಹಾಕುವ ಮನೆಗಳಲ್ಲಿ ಎರಡು ಬಗೆಯ ಕಟ್ಟಳೆಗಳು ಒಟ್ಟಿಗೇ ನಡೆದುಬಂದಿವೆ. ಒದ್ದೆ ಕೈಯಲ್ಲಿ ಜಾಡಿ ಮುಟ್ಟಬಾರದು, ಎಂಜಲು ಚಮಚ ಹಾಕಬಾರದು, ಒಳಗೆ ಹನಿ ನೀರೂ ಬೀಳಬಾರದು ಎಂಬುದು ಒಂದು. ಹೊರಗಾದ ಹೆಂಗಸು ಜಾಡಿಯ ಹತ್ತಿರ ಸುಳಿಯಬಾರದು, ಸುಳಿದರೆ ಉಪ್ಪಿನಕಾಯಿ ಕೆಟ್ಟುಹೋಗುತ್ತದೆ ಎಂಬುದು ಇನ್ನೊಂದು. ಎರಡನ್ನೂ ಮಡಿ ಎಂದೇ ಕರೆಯುತ್ತಾರೆ, ಎರಡನ್ನೂ ಅಷ್ಟೇ ಕಟ್ಟುನಿಟ್ಟಾಗಿ ಹೇಳಿಕೊಡುತ್ತಾರೆ. ಆದರೆ ಮೊದಲನೆಯ ಕಟ್ಟಳೆ ನೋಡುವುದು ಕೈ ಏನು ಮಾಡುತ್ತಿದೆ ಎಂಬುದನ್ನು. ಎರಡನೆಯದು ನೋಡುವುದು ಆ ಕೈ ಯಾರದು ಎಂಬುದನ್ನು. ಶುದ್ಧಿ ಇರುವುದು ನಡತೆಯಲ್ಲೋ ದೇಹದಲ್ಲೋ ಎಂಬ ಹಳೆಯ ಧರ್ಮಪ್ರಶ್ನೆಯೇ ಇಲ್ಲಿ ಅಡುಗೆಮನೆಯ ಅಟ್ಟದ ಮೇಲೆ ಕುಳಿತಿದೆ. ಮೊದಲನೆಯ ಮಡಿಯನ್ನು ಪೂರ್ತಿ ಉಳಿಸಿಕೊಳ್ಳಬೇಕು, ಎರಡನೆಯದನ್ನು ಪೂರ್ತಿ ಬಿಡಬೇಕು ಎಂಬುದು ನನ್ನ ವಾದ.

ಉಪ್ಪಿನಕಾಯಿ ಹಾಕುವ ಕ್ರಮವನ್ನೇ ಮೊದಲು ನೋಡೋಣ. ಕಾಯಿ ತೊಳೆದು, ಬಟ್ಟೆಯಲ್ಲಿ ಒರೆಸಿ, ತೊಟ್ಟಿನ ಬುಡದ ಪಸೆಯೂ ಆರುವವರೆಗೆ ನೆರಳಿನಲ್ಲಿ ಹರವುತ್ತಾರೆ. ಆಮೇಲೆ ಒಂದೊಂದನ್ನೂ ಎಂಟು ಹೋಳು ಮಾಡಿ, ಕೆಜಿಗೆ ಸುಮಾರು 200 ಗ್ರಾಂ ಉಪ್ಪು ಬೆರೆಸಿ ಪಿಂಗಾಣಿ ಜಾಡಿಗೆ ತುಂಬುತ್ತಾರೆ. ಉಪ್ಪು ಹೋಳಿನ ನೀರನ್ನು ಹೊರಗೆಳೆಯುತ್ತದೆ. ಹೋಳು ತನ್ನ ರಸದಲ್ಲೇ ಮುಳುಗುತ್ತದೆ. ದಿನಾ ಒಣ ಮರದ ಸೌಟಿನಿಂದ ತಿರುವಿದರೆ ಎರಡು ಮೂರು ವಾರಕ್ಕೆ ಸಿಪ್ಪೆ ಮೆತ್ತಗಾಗುತ್ತದೆ. ಆಗ ಖಾರದ ಪುಡಿ, ಹುರಿದ ಮೆಂತ್ಯದ ಪುಡಿ, ಸಾಸಿವೆ ಪುಡಿ ಹಾಕಿ, ಇಂಗಿನ ಒಗ್ಗರಣೆ ಆರಿಸಿ ಬೆರೆಸುತ್ತಾರೆ. ನಿಂಬೆರಸದ ಪಿಎಚ್ 2ರಿಂದ 3ರ ನಡುವೆ ಇರುತ್ತದೆ. ಆಹಾರವನ್ನು ವಿಷವಾಗಿಸುವ ಬೊಟುಲಿಸಂ ಬ್ಯಾಕ್ಟೀರಿಯಾ 4.6ಕ್ಕಿಂತ ಕೆಳಗೆ ಬೆಳೆಯಲಾರದು. ಉಳಿದ ಸೂಕ್ಷ್ಮಜೀವಿಗಳಿಗೆ ಬೇಕಾದ ನೀರನ್ನು ಉಪ್ಪು ಸಿಗದಂತೆ ಮಾಡುತ್ತದೆ. ಉಪ್ಪು ಕಡಿಮೆಯಾದರೆ, ಹೋಳು ರಸದ ಮೇಲೆ ತೇಲಿ ಗಾಳಿಗೆ ಒಡ್ಡಿಕೊಂಡರೆ, ಒದ್ದೆ ಸೌಟು ಇಳಿದರೆ ಬೂಷ್ಟು ಹಿಡಿಯುತ್ತದೆ. ಮಡಿಯುಟ್ಟು ಪೂಜೆ ಮುಗಿಸಿ ಬಂದವರ ಒದ್ದೆ ಕೈಯೂ ಜಾಡಿಯನ್ನು ಕೆಡಿಸಬಲ್ಲದು. ಮುಟ್ಟಾದವಳ ಒಣಗಿದ, ತೊಳೆದ ಕೈ ಕೆಡಿಸಲಾರದು.

ವಿಜ್ಞಾನಕ್ಕೆ ಸಿಗದ ಏನನ್ನೋ ಹಿರಿಯರು ಕಂಡಿದ್ದರು ಎಂದು ಕೆಲವರು ಹೇಳುತ್ತಾರೆ. ಹಿರಿಯರ ಅನುಭವಕ್ಕೆ ಬೆಲೆ ಇದೆ. ಒಣ ಸೌಟಿನ ನಿಯಮ ಅವರೇ ಕಂಡುಕೊಂಡದ್ದು. ಆದರೆ ಮುಟ್ಟಿನ ಭಯ ನಮ್ಮ ಹಿರಿಯರಿಗಷ್ಟೇ ಸೇರಿದ್ದಲ್ಲ. ಮುಟ್ಟಾದವಳಿಂದ ಹೊಸ ದ್ರಾಕ್ಷಾರಸ ಹುಳಿಯಾಗುತ್ತದೆ ಎಂದು 1ನೇ ಶತಮಾನದ ರೋಮನ್ ಲೇಖಕ ಪ್ಲಿನಿ ಬರೆದಿದ್ದ. 1920ರಲ್ಲಿ ವಿಯೆನ್ನಾದ ವೈದ್ಯ ಬೇಲಾ ಶಿಕ್, ಮುಟ್ಟಾದವರ ಮೈಯಲ್ಲಿ ಹೂ ಬಾಡಿಸುವ ವಿಷವಿದೆ ಎಂದು ವಾದಿಸಿದ. ವಿಜ್ಞಾನ ಈ ಮಾತನ್ನು ಪರೀಕ್ಷಿಸದೆ ತಳ್ಳಿಹಾಕಲಿಲ್ಲ. ಹುಡುಕಿ ನೋಡಿತು, ಅಂಥ ವಿಷ ದೃಢಪಡಲಿಲ್ಲ. ಇನ್ನು ಉಪ್ಪಿನಕಾಯಿ ಕಾರ್ಖಾನೆಗಳಲ್ಲಿ, ಸ್ವಸಹಾಯ ಸಂಘಗಳಲ್ಲಿ ಹೆಂಗಸರು ತಿಂಗಳ ಎಲ್ಲ ದಿನಗಳಲ್ಲೂ ಕೆಲಸ ಮಾಡುತ್ತಾರೆ. ಅಂಗಡಿಯಿಂದ ಬಾಟಲಿ ತರುವಾಗ ಯಾರೂ ಆ ಲೆಕ್ಕ ಕೇಳುವುದಿಲ್ಲ, ಬಾಟಲಿ ಕೆಡುವುದೂ ಇಲ್ಲ.

ಧರ್ಮದ ಮಾತಿಗೆ ಪ್ರಯೋಗಶಾಲೆ ಏಕೆ, ಶಾಸ್ತ್ರ ಸಾಲದೇ ಎಂಬುದು ಇದಕ್ಕಿಂತ ಗಂಭೀರವಾದ ಆಕ್ಷೇಪ. ಹಾಗಾದರೆ ಶಾಸ್ತ್ರವನ್ನೇ ಕೇಳೋಣ. ವಿಶ್ವರೂಪನನ್ನು ಕೊಂದ ಇಂದ್ರ ತನ್ನ ಬ್ರಹ್ಮಹತ್ಯೆಯ ಪಾಪವನ್ನು ನೆಲ, ನೀರು, ಮರ, ಹೆಣ್ಣು ಈ ನಾಲ್ವರಿಗೆ ಹಂಚಿದ ಕಥೆ ಭಾಗವತದ ಆರನೆಯ ಸ್ಕಂಧದಲ್ಲಿದೆ. ಹೆಣ್ಣಿನ ಪಾಲು ಮುಟ್ಟಾಗಿ ಕಾಣಿಸಿಕೊಂಡರೆ, ಮರದ ಪಾಲು ಅಂಟಾಗಿ ಒಸರಿತು. ಈಗ ಒಗ್ಗರಣೆಯ ಇಂಗನ್ನು ನೋಡಿ. ಅದು ಗಿಡದ ಬೇರನ್ನು ಕೊಯ್ದಾಗ ಒಸರುವ ಅಂಟು. ಅಡುಗೆಯ ಇಂಗಿಗೆ ಬೆರೆಸುವ ಗೋಂದಂತೂ ಮರದ್ದೇ. ಒಂದೇ ಪಾಪದ ಒಂದು ಪಾಲನ್ನು ಎಣ್ಣೆಯಲ್ಲಿ ಅರಳಿಸಿ ಜಾಡಿಗೆ ಸುರಿದು, ಇನ್ನೊಂದು ಪಾಲು ಹೊತ್ತವಳನ್ನು ಬಾಗಿಲಾಚೆ ಕೂರಿಸುವುದು ಶಾಸ್ತ್ರನಿಷ್ಠೆಯಲ್ಲ, ಅನುಕೂಲಕ್ಕೆ ತಕ್ಕ ಆಯ್ಕೆ. ಅಲ್ಲದೆ, ತಪ್ಪು ಮಾಡಿದ್ದು ಇಂದ್ರ. ಪರರ ತಪ್ಪಿನ ಭಾರ ಹೊತ್ತವಳಿಗೆ ಸಲ್ಲಬೇಕಾದ್ದು ಕೃತಜ್ಞತೆ. ನಮ್ಮ ನೆಲದ ಧರ್ಮಚಿಂತನೆಯೂ ಈ ವಿಷಯದಲ್ಲಿ ಒಂದೇ ದನಿಯದಲ್ಲ. ಜನನ, ಮರಣ, ರಜಸ್ಸು, ಎಂಜಲು, ಜಾತಿ ಈ ಐದೂ ಸೂತಕಗಳನ್ನು ಶರಣ ಪರಂಪರೆ ಒಟ್ಟಿಗೇ ನಿರಾಕರಿಸಿತು. ರಜಸ್ಸೂ ಜಾತಿಯೂ ಒಂದೇ ಪಟ್ಟಿಗೆ ಬಂದದ್ದು ಆಕಸ್ಮಿಕವಲ್ಲ: ಮನುಷ್ಯರ ಮೈಯಲ್ಲೇ ಮೈಲಿಗೆಯಿದೆ ಎಂದು ಒಮ್ಮೆ ಒಪ್ಪಿದರೆ, ಯಾರನ್ನು ಬೇಕಾದರೂ ಹೊಸಿಲಾಚೆ ನಿಲ್ಲಿಸಬಹುದು.

ಆ ದಿನಗಳಲ್ಲಿ ಹೆಂಗಸಿಗೆ ವಿಶ್ರಾಂತಿ ಸಿಗಲೆಂದು ಈ ಪದ್ಧತಿ ಬಂತು ಎನ್ನುವವರೂ ಇದ್ದಾರೆ. ವಿಶ್ರಾಂತಿ ಕೊಡಬೇಕಾದ್ದೇ. ಆದರೆ ನೀನು ಮುಟ್ಟಿದರೆ ಕೆಡುತ್ತದೆ ಎಂದು ಹೆದರಿಸಿ ಕೊಡುವುದು ವಿಶ್ರಾಂತಿಯಲ್ಲ. ನೋವಿದ್ದವಳು ಮಲಗಲಿ, ಆ ಹೊತ್ತಿನ ಕೆಲಸವನ್ನು ಮನೆಯ ಗಂಡಸರು ಮಾಡಲಿ. ಅದಕ್ಕೆ ಸೂತಕ ಬೇಕಿಲ್ಲ. ಯಾರಾದರೂ ತಾವಾಗಿ ಈ ನೇಮ ಹಿಡಿದರೆ ಅದು ಅವರ ವ್ರತ, ಅದನ್ನು ಗೌರವಿಸೋಣ. ವ್ರತವನ್ನು ತಾನು ಹಿಡಿಯಬಹುದೇ ಹೊರತು ಮಗಳ ಮೇಲೆ, ಸೊಸೆಯ ಮೇಲೆ ಹೇರಲಾಗದು. ಈ ಸಲ ಉಪ್ಪಿನಕಾಯಿ ಹಾಕುವಾಗ ಮಕ್ಕಳಿಗೆ ಕೈ ತೊಳೆದು ಒರೆಸಿಕೊಳ್ಳುವುದನ್ನು ಕಲಿಸಿ, ಹುಡುಗನಿಗೂ ಹುಡುಗಿಗೂ ಸಮನಾಗಿ. ಜಾಡಿ ಮುಟ್ಟುವ ಮೊದಲು ಕೇಳಬೇಕಾದ ಪ್ರಶ್ನೆ ಒಂದೇ: ಕೈ ಒಣಗಿದೆಯೇ?