ಹೊರಗೆ ಕುಳಿತವರು

ಕುಮಟೆಯ ಮಳೆಗಾಲದಲ್ಲಿ ರಾತ್ರಿಯಿಡೀ ಕರೆಂಟು ಇತ್ತೆಂದರೆ ಅದನ್ನು ಮರುದಿನ ನಾಲ್ಕು ಜನರ ಹತ್ತಿರ ಹೇಳಿಕೊಳ್ಳಬೇಕು. 2024ರ ಜೂನ್ 29ರ ರಾತ್ರಿ ನಮ್ಮ ಕೇರಿಯಲ್ಲಿ ಹಾಗೇ ಆಯಿತು. ಹನ್ನೊಂದೂವರೆಯ ಸುಮಾರಿಗೆ ಬಾರ್ಬಡೋಸಿನಲ್ಲಿ ಭಾರತ ತಂಡ ದಕ್ಷಿಣ ಆಫ್ರಿಕಾವನ್ನು 7 ರನ್ನುಗಳಿಂದ ಸೋಲಿಸಿ ಟಿ-20 ವಿಶ್ವಕಪ್ ಗೆದ್ದಾಗ ಮನೆಯಲ್ಲಿ ಎಚ್ಚರವಿದ್ದವರು ಇಬ್ಬರೇ. ಒಬ್ಬಳು ನಾನು, ಇನ್ನೊಬ್ಬರು ನಿದ್ದೆ ಬಾರದ ನನ್ನ ಅತ್ತೆ. ಆಟಗಾರರು ಅತ್ತರು, ನಕ್ಕರು, ನೆಲದ ಮೇಲೆ ಉರುಳಿದರು. ಆಮೇಲೆ ಕೊಹ್ಲಿ ಕಪ್ ತಂದು ಕೋಚ್ ರಾಹುಲ್ ದ್ರಾವಿಡರ ಕೈಯಲ್ಲಿಟ್ಟರು. ಹದಿನಾರು ವರ್ಷ ದೇಶಕ್ಕೆ ಆಡಿಯೂ ನಮ್ಮ ಕಣ್ಣಿಗೆ ಶಾಂತ ಮುಖವನ್ನೇ ತೋರಿಸಿದ ಆ ಮನುಷ್ಯ, ಕಪ್ಪನ್ನು ಎತ್ತಿ ಹಿಡಿದು ಶಾಲೆ ಬಿಟ್ಟ ಹುಡುಗನ ಹಾಗೆ ಕೂಗಿದರು.

ಅತ್ತೆ ಕನ್ನಡಕ ಸರಿ ಮಾಡಿಕೊಂಡು, "ಇವ ಹೊರಗೇ ಕೂತಿದ್ದ ಅಲ್ವನೆ? ಇವನಿಗೆ ಎಂತಕ್ಕೆ ಇಷ್ಟು ಖುಷಿ?" ಎಂದರು.

ನಾನು ನಗುತ್ತ ಟಿ.ವಿ. ಆರಿಸಿದೆ. ಹಾಸಿಗೆಗೆ ಬಂದ ಮೇಲೆ ಆ ಮಾತು ನನ್ನನ್ನು ಮಲಗಲು ಬಿಡಲಿಲ್ಲ.

ಸುಲಭದ ಉತ್ತರವೊಂದಿದೆ. 2007ರಲ್ಲಿ ಇದೇ ವೆಸ್ಟ್ ಇಂಡೀಸಿನಲ್ಲಿ ಏಕದಿನ ವಿಶ್ವಕಪ್ ನಡೆದಾಗ ದ್ರಾವಿಡರೇ ನಾಯಕರು. ಬಾಂಗ್ಲಾದೇಶ, ಶ್ರೀಲಂಕಾ ಎರಡಕ್ಕೂ ಸೋತು ತಂಡ ಮೊದಲ ಸುತ್ತಿನಲ್ಲೇ ಮನೆಗೆ ಬಂತು. 164 ಟೆಸ್ಟ್ ಪಂದ್ಯ, 13,288 ರನ್ನು, ಎಲ್ಲ ಇದ್ದೂ ವಿಶ್ವಕಪ್ ಒಂದು ಅವರ ಕೈಗೆ ಸಿಕ್ಕಿರಲಿಲ್ಲ. ಹಳೆಯ ಸಾಲ ತೀರಿತು, ಕೂಗಿದರು, ಎಂದುಬಿಡಬಹುದು. ಆದರೆ ಸಾಲ ತೀರಿಸಿದವರು ಬೇರೆಯವರು. ಮಗಳು ಪರೀಕ್ಷೆ ಪಾಸಾದರೆ ತಾಯಿ ಪೇಡೆ ಹಂಚುತ್ತಾಳಲ್ಲ, ಅದರಲ್ಲಿ ಅವಳ ಪಾಲು ಎಷ್ಟು? ಇದನ್ನು ನಾವು ಯಾರೂ ಕೇಳಿಕೊಳ್ಳುವುದಿಲ್ಲ, ಪೇಡೆ ತಿನ್ನುತ್ತೇವೆ.

ಆಡಿದವರು ಕಲಿಸುವವರಾಗುವುದು ಹೊರಗಿನಿಂದ ಕಂಡಷ್ಟು ಸಲೀಸಲ್ಲ. ಆಡಬಲ್ಲವರ ಕೈಗೆ ಸುಮ್ಮನಿರುವುದು ಬರುವುದಿಲ್ಲ. ಹಬ್ಬದ ದಿನ ನಾಲ್ಕು ಜನ ನೆಂಟರಿದ್ದಾಗ ಹೊಸ ಸೊಸೆಯ ಕೈಗೆ ಲಟ್ಟಣಿಗೆ ಕೊಟ್ಟು ಪಕ್ಕದಲ್ಲಿ ಬಾಯಿ ಮುಚ್ಚಿ ನಿಂತ ಅತ್ತೆಯನ್ನು ನಾನಂತೂ ನೋಡಿಲ್ಲ. (ನನ್ನ ಅತ್ತೆ ಇದನ್ನು ಓದುವುದಿಲ್ಲವೆಂಬ ಧೈರ್ಯದಿಂದ ಬರೆಯುತ್ತಿದ್ದೇನೆ.) ಹೋಳಿಗೆ ಹರಿದರೆ ಮರ್ಯಾದೆ ಹೋಗುವುದು ಮನೆಯದು. ಹಾಗಾಗಿ ಬಲ್ಲವರೇ ಲಟ್ಟಿಸುತ್ತಾರೆ, ಸೊಸೆ ಬಾಳೆಲೆ ಒರೆಸುತ್ತಾಳೆ.

ದ್ರಾವಿಡರಲ್ಲಿ ನಾನು ಮೆಚ್ಚುವುದು ಈ ಜಾಗದಲ್ಲಿ. ಆಡುವಾಗಲೇ ಅವರು ಇನ್ನೊಬ್ಬರಿಗೆ ಜಾಗ ಬಿಟ್ಟವರು. 2003ರ ವಿಶ್ವಕಪ್ಪಿನಲ್ಲಿ ವಿಕೆಟ್ ಕೀಪರನ ಗ್ಲೌಸು ತಾವೇ ತೊಟ್ಟರು, ಅದರಿಂದ ಇನ್ನೊಬ್ಬ ಬ್ಯಾಟುಗಾರನಿಗೆ ತಂಡದಲ್ಲಿ ಎಡೆಯಾಯಿತು. 2012ರಲ್ಲಿ ನಿವೃತ್ತರಾಗಿ, 2015ರಿಂದ 19 ವರ್ಷದೊಳಗಿನ ಹುಡುಗರಿಗೂ ಭಾರತ 'ಎ' ತಂಡಕ್ಕೂ ಕೋಚ್ ಆದರು. ಆಗಿನ ಒಂದು ಸಂಗತಿಯನ್ನು 2021ರಲ್ಲಿ ಅವರೇ ಹೇಳಿಕೊಂಡಿದ್ದಾರೆ. ಚಿಕ್ಕವರಿದ್ದಾಗ 'ಎ' ತಂಡದ ಪ್ರವಾಸಕ್ಕೆ ಹೋಗಿ ಒಂದೂ ಪಂದ್ಯ ಆಡಲು ಸಿಗದೆ ಮರಳಿದ ಸಂಕಟ ಅವರಿಗೆ ಗೊತ್ತು. ಆದ್ದರಿಂದ ತಮ್ಮ ಜೊತೆ ಪ್ರವಾಸಕ್ಕೆ ಬಂದವರೆಲ್ಲರೂ ಆಡಿಯೇ ಹೋಗುತ್ತಾರೆ ಎಂದು ಹುಡುಗರಿಗೆ ಮೊದಲೇ ಹೇಳಿಬಿಡುತ್ತಿದ್ದರಂತೆ. 2018ರಲ್ಲಿ ಕಿರಿಯರ ತಂಡ ವಿಶ್ವಕಪ್ ಗೆದ್ದಾಗ ಮಂಡಳಿ ಅವರಿಗೆ 50 ಲಕ್ಷ, ಜೊತೆಗೆ ದುಡಿದ ಸಿಬ್ಬಂದಿಗೆ ತಲಾ 20 ಲಕ್ಷ ಘೋಷಿಸಿತು. ಅವರು ಒಪ್ಪಲಿಲ್ಲ. ಕೊನೆಗೆ ಅವರಿಗೂ ಉಳಿದವರಿಗೂ 25 ಲಕ್ಷವೆಂದಾಯಿತು.

ನಮ್ಮ ಯಕ್ಷಗಾನದವರಿಗೆ ಈ ನ್ಯಾಯ ಹೊಸತಲ್ಲ. ಹೊನ್ನಾವರ ತಾಲೂಕಿನ ಗುಣವಂತೆಯಲ್ಲಿ ಕೆರೆಮನೆ ಶಂಭು ಹೆಗಡೆಯವರು 1986ರಲ್ಲಿ ಶ್ರೀಮಯ ಕಲಾಕೇಂದ್ರ ಕಟ್ಟಿದರು. ತಾವು ರಂಗದ ಮೇಲಿದ್ದುಕೊಂಡೇ ಹೊಸಬರಿಗೆ ಕಲಿಸಿದವರು. ಬಯಲಾಟದಲ್ಲಿ ಪ್ರಸಂಗ ಶುರುವಾಗುವ ಮೊದಲು ಕೋಡಂಗಿ, ಬಾಲಗೋಪಾಲ ಎಂದು ಚಿಕ್ಕವರನ್ನು ಕುಣಿಸುತ್ತಾರಲ್ಲ, ಅದು ಕಲಿಯುವವನಿಗೆ ಹಿರಿಯರು ಬಿಟ್ಟಿಟ್ಟ ಹೊತ್ತು. ಹೆಜ್ಜೆ ತಪ್ಪಿದರೂ ಪ್ರಸಂಗ ಕೆಡುವುದಿಲ್ಲ. ಎದುರು ಚಾಪೆ ಹಾಸುವ ಗದ್ದಲದಲ್ಲಿ ಯಾರೂ ನೋಡುವುದೂ ಇಲ್ಲ, ಹುಡುಗನ ತಾಯಿಯೊಬ್ಬಳನ್ನು ಬಿಟ್ಟು.

ನಾನು ಇಷ್ಟು ಸುತ್ತಿ ಬಳಸುತ್ತಿರುವುದು ಏಕೆಂದರೆ ನಾನೂ ಒಂದು ಕಾಲಕ್ಕೆ ಆಡಿದವಳು. ಧಾರವಾಡದಲ್ಲಿ ಕಾಲೇಜು ಓದುವಾಗ ಖೋ ಖೋ ಆಡುತ್ತಿದ್ದೆ, ಚೆನ್ನಾಗಿಯೇ ಆಡುತ್ತಿದ್ದೆ. ಹೊನ್ನಾವರ ತಾಲೂಕಿನ ಹೈಸ್ಕೂಲೊಂದರಲ್ಲಿ ಕನ್ನಡ ಕಲಿಸಲು ಸೇರಿದಾಗ ಹುಡುಗಿಯರ ಖೋ ಖೋ ತಂಡವೂ ನನ್ನ ತಲೆಗೆ ಬಂತು. ಹನ್ನೆರಡು ಜನರ ತಂಡ, ಅಂಗಣಕ್ಕೆ ಒಂಬತ್ತು. ಮೂವರು ಹೊರಗೆ.

ಆ ಮೂವರಲ್ಲಿ ಒಬ್ಬಳು ಮೂರು ವರ್ಷವೂ ಹೊರಗೇ ಇದ್ದಳು. ಮೀನು ಮಾರುವವರ ಮನೆಯ ಹುಡುಗಿ. ಬೆಳಿಗ್ಗೆ ಎಲ್ಲರಿಗಿಂತ ಮೊದಲು ಬಂದು ಸುಣ್ಣದ ಗೆರೆ ಎಳೆಯುವಳು. ಓಟ ಸ್ವಲ್ಪ ನಿಧಾನ, ಕಂಬದ ಹತ್ತಿರ ತಿರುಗುವಾಗ ಎಡವುವಳು. ಹತ್ತನೆಯ ತರಗತಿಯ ವರ್ಷ ಹೊನ್ನಾವರದಲ್ಲಿ ತಾಲೂಕು ಮಟ್ಟದ ಪಂದ್ಯ. ಅವಳ ತಾಯಿ ಅಂದು ಬುಟ್ಟಿ ಹೊರದೆ, ತೊಳೆದ ಸೀರೆ ಉಟ್ಟು, ಮರದ ಕೆಳಗೆ ಬಂದು ಕುಳಿತಿದ್ದಳು. ಎರಡನೆಯ ಇನ್ನಿಂಗ್ಸಿನಲ್ಲಿ ನಾವು ಎಷ್ಟು ಮುಂದಿದ್ದೆವೆಂದರೆ ಯಾರನ್ನು ಇಳಿಸಿದ್ದರೂ ನಡೆಯುತ್ತಿತ್ತು. ಅದು ನನಗೆ ಗೊತ್ತಿತ್ತು. ಹುಡುಗಿ ಎರಡು ಸಲ ಎದ್ದು ಲಂಗ ಕೊಡವಿಕೊಂಡು ಕುಳಿತಳು. ನಾನು ಆ ಕಡೆ ನೋಡಲಿಲ್ಲ. ಗೆಲುವು ದೊಡ್ಡದಿರಲಿ, ನನ್ನ ಹೆಸರು ಕೇಳಿಬರಲಿ ಎಂಬ ಆಸೆ. ಬೇರೆ ಏನೂ ಅಲ್ಲ.

ಗೆದ್ದೆವು. ಪಾನಕ ಹಂಚುವಾಗ ಆ ತಾಯಿ ಹತ್ತಿರ ಬಂದು ಮೆಲ್ಲಗೆ, "ಅಕ್ಕೋರೇ, ನಮ್ಮ ಹುಡ್ಗಿ ಆಡುದು ಊಟ ಆದ್ಮೇಲಾ?" ಎಂದು ಕೇಳಿದಳು.

ಏನು ಹೇಳಿದೆನೋ ಮರೆತುಹೋಗಿದೆ. ಮುಂದೆ ಜಿಲ್ಲಾ ಮಟ್ಟಕ್ಕೆ ಕುಮಟೆಗೆ ಬಂದು ಮೊದಲ ಪಂದ್ಯದಲ್ಲೇ ಸೋತೆವು. ಅಲ್ಲಿಯೂ ಅವಳು ಹೊರಗೇ.

ನಾನು ದ್ರಾವಿಡರನ್ನು ದೇವರು ಮಾಡಿ ಕೂರಿಸುತ್ತಿಲ್ಲ. 2024ರ ಆ ವಿಶ್ವಕಪ್ಪಿನ ಹದಿನೈದು ಜನರಲ್ಲಿ ಸಂಜು ಸ್ಯಾಮ್ಸನ್, ಯಶಸ್ವಿ ಜೈಸ್ವಾಲ್, ಚಾಹಲ್ ಮೂವರೂ ಒಂದೇ ಒಂದು ಪಂದ್ಯ ಆಡದೆ ಮರಳಿದರು. ಎಲ್ಲರನ್ನೂ ಆಡಿಸುತ್ತೇನೆಂದಿದ್ದ ಕೋಚ್ ಅಲ್ಲಿ ಹಾಗೆ ಮಾಡಲಿಲ್ಲ. ಮಾಡುವುದು ಸರಿಯೂ ಆಗುತ್ತಿರಲಿಲ್ಲ. ವಿಶ್ವಕಪ್ಪಿಗೆ ಹೋಗುವುದು ಗೆಲ್ಲಲಿಕ್ಕೆ, ಅದು ಅಲ್ಲಿದ್ದ ಎಲ್ಲರಿಗೂ ಗೊತ್ತಿರುವ ಕರಾರು. ಕಿರಿಯರ ಪ್ರವಾಸ ಕಲಿಯಲಿಕ್ಕೆ. ಎರಡನ್ನೂ ಬೇರೆ ಬೇರೆ ಎಂದು ತಿಳಿದದ್ದೇ ಆ ಮನುಷ್ಯನ ವಿವೇಕವೆಂದು ನನಗೆ ಕಾಣುತ್ತದೆ. ಹೊನ್ನಾವರದ ಆ ಮೈದಾನ ಯಾವ ವಿಶ್ವಕಪ್ಪೂ ಆಗಿರಲಿಲ್ಲ. ಹಾಗೆಂದು ತಿಳಿದವಳು ನಾನೊಬ್ಬಳೇ.

ಕಳೆದ ವರ್ಷ ಭಟ್ಕಳದಲ್ಲಿ ಒಂದು ಮದುವೆ. ಊಟದ ಪಂಕ್ತಿಯಲ್ಲಿ ಯಾರೋ "ಅಕ್ಕೋರೇ" ಎಂದು ಕೈ ಹಿಡಿದರು. ಅವಳೇ. ಕೂದಲು ನೆರೆಯಲು ಶುರುವಾಗಿದೆ. ತಾಯಿ ತೀರಿಕೊಂಡು ಹತ್ತು ವರ್ಷವಾಯಿತೆಂದಳು. ಪಕ್ಕದಲ್ಲಿದ್ದ ಮಗಳಿಗೆ, "ನಮಗೆ ಖೋ ಖೋ ಕಲಿಸಿದ ಅಕ್ಕೋರು ಇವರು" ಎಂದು ಪರಿಚಯ ಮಾಡಿದಳು.

"ನೀನೂ ಆಡ್ತಿದ್ಯಾ ಅಮ್ಮ?"

"ಮತ್ತೆ? ಕುಮಟೆ ತನಕ ಹೋಗಿದ್ದೆ."

ಮಗಳಿಗೆ ನಂಬಿಕೆ ಬರಲಿಲ್ಲವೆಂದು ತೋರುತ್ತದೆ. ನನ್ನ ಕಡೆ ತಿರುಗಿ, "ಹೌದಾ ಅಕ್ಕೋರೇ?" ಎಂದಳು. ತಾಯಿ ಎಲೆಯ ಮೇಲಿನ ಅನ್ನ ಕಲಸುತ್ತಿದ್ದವಳು ಕೈ ನಿಲ್ಲಿಸಿದಳು.

"ಹೌದು," ಎಂದೆ. "ಚಲೋ ಆಡ್ತಿದ್ಲು."

ಅಷ್ಟರಲ್ಲಿ ಪಾಯಸ ಬಂತು. ಅವಳ ಮಾನ ಕಾಯಲಿಕ್ಕೆ ಹಾಗೆಂದೆನೋ ನನ್ನದನ್ನು ಕಾಯಲಿಕ್ಕೋ ಇನ್ನೂ ಬಗೆಹರಿದಿಲ್ಲ. ಹೊರಡುವಾಗ ಅವಳು ಒಂದು ಮೊಳ ಭಟ್ಕಳ ಮಲ್ಲಿಗೆ ತಂದು ಕೊಟ್ಟಳು. ಮುಡಿದುಕೊಳ್ಳಲಾಗಲಿಲ್ಲ. ಬಸ್ಸಿನಲ್ಲಿ ಶರಾವತಿ ಸೇತುವೆ ದಾಟಿ ಕುಮಟೆ ಮುಟ್ಟುವವರೆಗೂ ಎಲೆಯಲ್ಲಿ ಸುತ್ತಿದ್ದ ಹಾಗೇ ತೊಡೆಯ ಮೇಲಿತ್ತು. ಮನೆಗೆ ಬಂದು ಅತ್ತೆಗೆ ಕೊಟ್ಟೆ.