ಅಳಿಸಿ ಹೊಸದಾಗಿ ಆಡುವುದು

ನಿಮ್ಮ ಮಗ ಕೈಯಲ್ಲಿ ಹಿಡಿದಾಡುವ ವಿಡಿಯೋ ಗೇಮಿನ ಹಳೆಯ ಆಟವನ್ನು ಅಳಿಸಿ ಮೊದಲಿನಿಂದ ಆಡಿದರೆ ತಪ್ಪೇನು? ಆಟ ಅವನೊಬ್ಬನದೇ ಆಗಿದ್ದರೆ ಏನೂ ಇಲ್ಲ. ಆದರೆ 1996ರಲ್ಲಿ ಜಪಾನಿನಲ್ಲಿ ಬಂದ ಗೇಮ್ ಬಾಯ್ ಪೊಕೆಮಾನ್ ನೋಡಿ. ಒಂದು ಕ್ಯಾಸೆಟ್ಟಿನಲ್ಲಿ ಒಂದೇ ಆಟ ಉಳಿಯುತ್ತಿತ್ತು. ಹೊಸದನ್ನು ಸೇವ್ ಮಾಡಿದೊಡನೆ ಹಳೆಯದು ಹೋಯಿತು. ಅಣ್ಣ-ತಂಗಿಗೆ ಅದೊಂದೇ ಇದ್ದರೆ, ಅಣ್ಣನ ಆರಂಭವೇ ತಂಗಿಯ ತಿಂಗಳುಗಟ್ಟಲೆ ಶ್ರಮದ ಅಂತ್ಯ. 'ಬರೀ ಆಟ ತಾನೇ' ಎನ್ನಬೇಡಿ. ಅವಳ ಅಳು ಆಟದ್ದಲ್ಲ.

ದೊಡ್ಡವರಾದ ನಾವೂ ಇದನ್ನೇ ಮಾಡುತ್ತೇವೆ. ಕುಡಿದು ಮನೆ ಹಾಳುಮಾಡಿದವನು ಒಂದು ದಿನ ಪಾಪನಿವೇದನೆ ಮಾಡಿ ಬಂದು, 'ಹಳೆಯದನ್ನೆಲ್ಲ ಮರೆತುಬಿಡು' ಎಂದು ಹೆಂಡತಿಗೆ ಹೇಳುತ್ತಾನೆ. ದೇವರ ಕ್ಷಮೆ ಅವನಿಗೆ ಸಿಕ್ಕಿದೆ, ನಿಜ. ಅವನು ಅಡವಿಟ್ಟ ಅವಳ ಬಳೆ? ಆಗಿಹೋದದ್ದನ್ನು ಆಗಲೇ ಇಲ್ಲವೆಂದು ಮಾಡುವುದು ದೇವರ ಸರ್ವಶಕ್ತಿಗೂ ಸೇರಿದ್ದಲ್ಲ ಎಂದು ಸಂತ ಥಾಮಸ್ ಅಕ್ವಿನಾಸರು 13ನೆಯ ಶತಮಾನದಲ್ಲೇ ಬರೆದರು. (ಸೆಮಿನರಿಯಲ್ಲಿ ಓದಿದಾಗ ನನಗಿದು ಒಣ ತರ್ಕವೆನಿಸಿತ್ತು.) ಪುನರುತ್ಥಾನರಾದ ಯೇಸುವಿನ ಕೈಗಳಲ್ಲೂ ಗಾಯದ ಗುರುತು ಉಳಿದಿತ್ತಲ್ಲವೇ?

ಹಾಗಾದರೆ ಹೊಸ ಆರಂಭವೇ ಇಲ್ಲವೇ? ಇದೆ. ನಮ್ಮ ರಬಕವಿ-ಬನಹಟ್ಟಿಯ ನೇಕಾರರನ್ನು ನೋಡಿ. ಮಗ್ಗಕ್ಕೆ ಹೊಸ ಹಾಸು ಏರಿಸುವಾಗ ಹಳೆಯದರ ತುದಿಗಳನ್ನು ಕಿತ್ತೆಸೆಯುವುದಿಲ್ಲ; ಒಂದೊಂದು ಹಳೆಯ ಎಳೆಗೂ ಒಂದೊಂದು ಹೊಸ ಎಳೆಯನ್ನು ಕೆಚ್ಚುತ್ತಾರೆ. ಗಂಟೆಗಟ್ಟಲೆ ಕೂತು ಮಾಡುವ, ಬೆರಳು ನೋಯುವ ಕೆಲಸ. ಆ ಗಂಡ ಮೊದಲು ಬಳೆ ಬಿಡಿಸಿಕೊಂಡು ಬರಲಿ. ಮರೆಯುವುದೋ ಬಿಡುವುದೋ, ಅವಳು ನೋಡಿಕೊಳ್ಳುತ್ತಾಳೆ.