ಕಡಲಿಲ್ಲದ ಸೀಮೆಯ ಕಡಲಕಥೆ

ಬಳ್ಳಾರಿ ಸೀಮೆಯ ಗಾದಿಗನೂರಿಗೂ ಕಡಲಿಗೂ ಬಲು ದೂರ. ಆದರೂ ಕಡಲು ಜಿಗಿದ ಹನುಮನ ಕಥೆ ಈ ಸೀಮೆಯದೇ. ಸೀತೆಯನ್ನಗಲಿದ ರಾಮ ಮಳೆಗಾಲ ಕಳೆದದ್ದು ಹಂಪಿಯ ಮಾಲ್ಯವಂತ ಬೆಟ್ಟದಲ್ಲಿ ಎನ್ನುತ್ತದೆ ಸ್ಥಳಪುರಾಣ.

1917ರಲ್ಲಿ ದಾದಾಸಾಹೇಬ್ ಫಾಲ್ಕೆ ಆ ವಿರಹವನ್ನು ‘ಲಂಕಾ ದಹನ’ ಎಂಬ ಮೂಕಿಚಿತ್ರವಾಗಿಸಿದರು. ಹೆಂಗಸರು ನಟಿಸಲು ಹಿಂಜರಿಯುತ್ತಿದ್ದ ಕಾಲ. ಅಣ್ಣಾ ಸಾಳುಂಕೆಯೇ ರಾಮ, ಸಾಳುಂಕೆಯೇ ಸೀತೆ! ರಾಮ ತೆರೆಗೆ ಬಂದರೆ ಮುಂಬಯಿಯ ಪ್ರೇಕ್ಷಕರು ಚಪ್ಪಲಿ ಕಳಚುತ್ತಿದ್ದರಂತೆ. ಹಾಗಾದರೆ ಕೈಮುಗಿದದ್ದು ಯಾರಿಗೆ? ನಟನಿಗಂತೂ ಅಲ್ಲ, ಅದೇ ಮುಖ ಇನ್ನೊಂದು ದೃಶ್ಯದಲ್ಲಿ ಸೀತೆಯಾಗಿರುತ್ತಿತ್ತು.

ಬಳ್ಳಾರಿ ಸೀಮೆಗೆ ಈ ಪ್ರಶ್ನೆ ಹೊಸದಲ್ಲ. ತೊಗಲುಗೊಂಬೆಯಾಟದ ರಾಮ ಬಣ್ಣ ಬಳಿದ ಚರ್ಮವೆಂದು ನೋಡುವವರಿಗೆಲ್ಲ ಗೊತ್ತು; ಭಕ್ತಿಗೆ ಅದು ಅಡ್ಡಿಯಾಗಿಲ್ಲ. ಅದ್ವೈತಿ ಇದನ್ನು ಮಾಯೆ ಎಂದಾನು. ಮಣ್ಣಿನ ಗಣಪನಲ್ಲಿ ದೇವರನ್ನು ಆವಾಹಿಸಿ, ಪೂಜೆ ಮುಗಿದ ಮೇಲೆ ನೀರಿಗೆ ಬಿಡುವವರ ಪದ್ಧತಿಯಲ್ಲಿ ಇದಕ್ಕಿಂತ ಒಪ್ಪುವ ಉತ್ತರವಿದೆ.